ವಿಷ ಹಿಡಿಯಲು ಹೋದ ಪಾಲಿಮರ್: ಟೋಲೆವಮರ್ ಪ್ರಕರಣ

ನಮ್ಮಮ್ಮನ ಊಟದ ತಟ್ಟೆಯ ಪಕ್ಕ ದಿನಾ ಒಂದು ಮಾತ್ರೆ ಇರುತ್ತದೆ. ಹೆಸರು ಸೆವೆಲಮರ್. ಮನೆಯಲ್ಲಿ ಡಯಾಲಿಸಿಸ್ ರೋಗಿ ಇದ್ದವರಿಗೆ ಈ ಹೆಸರು ಗೊತ್ತಿರುತ್ತದೆ. ಕಿಡ್ನಿ ಕೈಕೊಟ್ಟಾಗ ರಕ್ತದಲ್ಲಿ ಫಾಸ್ಫೇಟ್ ಏರುತ್ತದೆ. ಈ ಮಾತ್ರೆ ಊಟದಲ್ಲಿರುವ ಫಾಸ್ಫೇಟನ್ನು ಕರುಳಿನಲ್ಲೇ ಹಿಡಿದುಕೊಂಡು ಮಲದ ಜೊತೆ ಹೊರಗೆ ಒಯ್ಯುತ್ತದೆ. ಜಗಿಯಬೇಡಿ, ಮುರಿಯಬೇಡಿ, ಇಡಿಯಾಗಿ ನುಂಗಿ ಅಂತ ಹೇಳಿರುತ್ತಾರೆ. ಒಂದು ದಿನ ಅರ್ಧ ಮುರಿದ ಮಾತ್ರೆಯೊಂದು ಒದ್ದೆ ತಟ್ಟೆಗೆ ಬಿದ್ದಿತ್ತು. ಸ್ವಲ್ಪ ಹೊತ್ತು ಬಿಟ್ಟು ನೋಡಿದರೆ ನೆನೆಸಿದ ಕಾಮಕಸ್ತೂರಿ ಬೀಜದ ಹಾಗೆ ಉಬ್ಬಿ ಲೋಳೆಯಾಗಿ ಕೂತಿತ್ತು.

ಅಮ್ಮ ಬೆರಳಿಂದ ಮುಟ್ಟಿ ನೋಡಿದರು. "ಏನೋ ಇದು, ಪ್ಲಾಸ್ಟಿಕ್ ತಿನ್ನಿಸ್ತಿದ್ದೀಯಾ ನನಗೆ?"

"ಒಂಥರಾ ಪ್ಲಾಸ್ಟಿಕ್ಕೇ ಅಮ್ಮ" ಅಂದೆ. ನಾನು ಡಿಗ್ರಿ ಕಾಲೇಜಿನಲ್ಲಿ ರಸಾಯನಶಾಸ್ತ್ರ ಪಾಠ ಮಾಡುವವನು. ಸೆವೆಲಮರ್ ಒಂದು ಪಾಲಿಮರ್. ಒಂದೇ ಥರದ ಸಣ್ಣ ಕೊಂಡಿಗಳು ಸಾವಿರಾರು ಸೇರಿ ಆದ ಉದ್ದದ ಸರಪಳಿ. ತುಂಬಾ ದೊಡ್ಡದು, ಹಾಗಾಗಿ ಕರುಳಿನ ಗೋಡೆ ದಾಟಿ ರಕ್ತಕ್ಕೆ ಹೋಗುವುದಿಲ್ಲ. ಬಾಯಿಂದ ಒಳಗೆ ಹೋಗಿ, ಕೆಲಸ ಮುಗಿಸಿ, ಹಾಗೇ ಹೊರಗೆ ಬರುತ್ತದೆ.

ಕಳೆದ ವರ್ಷ ಅಮ್ಮನಿಗೆ ಡಯಾಲಿಸಿಸ್ ಕ್ಯಾಥೆಟರ್ ಹಾಕಿದ ಕಡೆ ಸೋಂಕಾಯಿತು. ಆ್ಯಂಟಿಬಯೋಟಿಕ್ ಕೊಟ್ಟರು. ಸೋಂಕು ಇಳಿಯಿತು, ಆದರೆ ಭೇದಿ ಶುರುವಾಯಿತು. ದಿನಕ್ಕೆ ಎಂಟು, ಹತ್ತು ಸಲ. ಮಲ ಪರೀಕ್ಷೆಯಲ್ಲಿ ಕ್ಲಾಸ್ಟ್ರಿಡಿಯಂ ಡಿಫಿಸಿಲ್ ಎಂಬ ಬ್ಯಾಕ್ಟೀರಿಯಾದ ವಿಷ ಸಿಕ್ಕಿತು. ಡಾಕ್ಟರು ವ್ಯಾಂಕೊಮೈಸಿನ್ ಎಂಬ ಬೇರೆ ಆ್ಯಂಟಿಬಯೋಟಿಕ್ ಬರೆದರು, ಬಾಯಿಂದ ಕೊಡಲು. ಕ್ಯಾಪ್ಸೂಲ್ ಹತ್ತಿರದಲ್ಲೆಲ್ಲೂ ಸಿಗಲಿಲ್ಲ. ವಾರ್ಡಿನ ಸಿಸ್ಟರ್ ಇಂಜೆಕ್ಷನ್ ಸೀಸೆಯ ಮುಚ್ಚಳದ ಮೂಲಕ ಸಿರಿಂಜಿನಲ್ಲಿ ನೀರು ಬಿಟ್ಟು, ಪುಡಿ ಕರಗುವ ತನಕ ಅಂಗೈ ಮಧ್ಯೆ ಉರುಳಿಸಿ, ಅದನ್ನು ನಾಲ್ಕು ಪಾಲು ಮಾಡಿ ಕುಡಿಸಿದರು. ಅಮ್ಮ ಮುಖ ಕಿವುಚಿಕೊಂಡು ಕುಡಿದರು.

"ಮೆಟ್ರೊನಿಡಜೋಲ್ ಸಾಕಾಗಲ್ವಾ ಡಾಕ್ಟ್ರೇ? ಅದು ಎಲ್ಲಾ ಕಡೆ ಸಿಗುತ್ತೆ" ಅಂತ ಇನ್ನೊಂದು ಆ್ಯಂಟಿಬಯೋಟಿಕ್ ಹೆಸರು ಹೇಳಿ ಕೇಳಿದೆ.

"ಮುಂಚೆ ಅದನ್ನೇ ಕೊಡ್ತಿದ್ವಿ. ಈಗ ಮೊದಲ ಆಯ್ಕೆ ಅದಲ್ಲ" ಅಂದರು.

ಯಾಕೆ ಅಲ್ಲ ಅಂತ ಹುಡುಕುತ್ತಾ ಹೋದೆ. ಆಗ ಸಿಕ್ಕಿದ್ದು ಟೋಲೆವಮರ್ ಕಥೆ. ಅಮ್ಮನ ತಟ್ಟೆ ಪಕ್ಕದ ಸೆವೆಲಮರ್, ಸಿಸ್ಟರ್ ಕೈಯಲ್ಲಿದ್ದ ವ್ಯಾಂಕೊಮೈಸಿನ್ ಸೀಸೆ, ಎರಡಕ್ಕೂ ಈ ಸೋತ ಔಷಧದ ಜೊತೆ ನಂಟಿದೆ. ಸೋತ ಔಷಧಗಳ ಬಗ್ಗೆ ನಾವು ಓದುವುದು ಕಡಿಮೆ. ಇದನ್ನು ಓದಲೇಬೇಕು ಅಂತ ನನಗನ್ನಿಸಿತು. ಅದಕ್ಕೇ ಇಷ್ಟು ವಿವರವಾಗಿ ಬರೆಯುತ್ತಿದ್ದೇನೆ.

ರೋಗ ತರುವುದು ವಿಷ

1935ರಲ್ಲಿ ಹಾಲ್ ಮತ್ತು ಓಟೂಲ್ ಎಂಬ ವಿಜ್ಞಾನಿಗಳು ಆರೋಗ್ಯವಾಗಿದ್ದ ನವಜಾತ ಶಿಶುಗಳ ಮಲದಲ್ಲಿ ಈ ಬ್ಯಾಕ್ಟೀರಿಯಾ ಕಂಡರು. ಬೆಳೆಸುವುದು ಕಷ್ಟ ಅಂತ ಡಿಫಿಸಿಲಿಸ್ ಎಂದು ಹೆಸರಿಟ್ಟರು. ಆ್ಯಂಟಿಬಯೋಟಿಕ್ ತೆಗೆದುಕೊಂಡವರಿಗೆ ದೊಡ್ಡ ಕರುಳಿನ ಉರಿಯೂತ ತರುವುದು ಇದೇ ಅಂತ ಗೊತ್ತಾಗಿದ್ದು 1978ರಲ್ಲಿ. 2016ರಿಂದ ಇದರ ಅಧಿಕೃತ ಹೆಸರು ಕ್ಲಾಸ್ಟ್ರಿಡಿಯಾಯ್ಡಿಸ್ ಡಿಫಿಸಿಲ್. ಆಸ್ಪತ್ರೆಯಲ್ಲಿ ಎಲ್ಲರೂ ಸಿ ಡಿಫ್ ಅಂತಲೇ ಕರೆಯುತ್ತಾರೆ.

ನಮ್ಮ ಕರುಳಿನಲ್ಲಿ ನೂರಾರು ಬಗೆಯ ಬ್ಯಾಕ್ಟೀರಿಯಾ ಇವೆ. ಅವು ತುಂಬಿಕೊಂಡಿರುವ ತನಕ ಸಿ ಡಿಫ್‌ಗೆ ಜಾಗ ಸಿಗುವುದಿಲ್ಲ. ಬೇರೆ ಯಾವುದೋ ಸೋಂಕಿಗೆ ಆ್ಯಂಟಿಬಯೋಟಿಕ್ ಕೊಟ್ಟಾಗ ಈ ಒಳ್ಳೆಯ ಬ್ಯಾಕ್ಟೀರಿಯಾಗಳೂ ಸಾಯುತ್ತವೆ. ಪಾಳು ಬಿದ್ದ ಹೊಲದಲ್ಲಿ ಪಾರ್ಥೇನಿಯಂ ಹಬ್ಬುವುದನ್ನು ನೋಡಿದ್ದೀರಲ್ಲ, ಹಾಗೆ ಸಿ ಡಿಫ್ ಹಬ್ಬುತ್ತದೆ. ಅದರ ಬೀಜಕಗಳು ಗಟ್ಟಿ, ಆ್ಯಂಟಿಬಯೋಟಿಕ್‌ಗೂ ಜಗ್ಗುವುದಿಲ್ಲ. ಕೈಗೆ ಹಚ್ಚುವ ಆಲ್ಕೋಹಾಲ್ ಸ್ಯಾನಿಟೈಸರ್‌ಗೂ ಸಾಯುವುದಿಲ್ಲ. ಸೋಪು ನೀರಲ್ಲೇ ಕೈ ತೊಳೀಬೇಕು. ರೋಗಿಯನ್ನು ನೋಡಿಕೊಳ್ಳುವವರು ಇದೊಂದನ್ನು ಮರೆಯಬಾರದು.

ಆದರೆ ಬ್ಯಾಕ್ಟೀರಿಯಾ ಇದ್ದ ಮಾತ್ರಕ್ಕೆ ಕಾಯಿಲೆ ಬರುವುದಿಲ್ಲ. ಕಾಯಿಲೆ ತರುವುದು ಅದು ಬಿಡುವ ಎರಡು ವಿಷಗಳು, ಟಾಕ್ಸಿನ್ ಎ ಮತ್ತು ಟಾಕ್ಸಿನ್ ಬಿ. ಎರಡೂ ಭಾರಿ ಗಾತ್ರದ ಪ್ರೋಟೀನ್. ಎ ತೂಕ 308 ಕಿಲೋಡಾಲ್ಟನ್, ಬಿ ತೂಕ 270 ಕಿಲೋಡಾಲ್ಟನ್. ಇವು ಕರುಳಿನ ಜೀವಕೋಶದೊಳಗೆ ನುಗ್ಗಿ, ಅಲ್ಲಿನ ರೋ ಎಂಬ ಪ್ರೋಟೀನುಗಳಿಗೆ ಒಂದೊಂದು ಸಕ್ಕರೆ ಕಣ ಅಂಟಿಸುತ್ತವೆ. ಅಷ್ಟೇ ಸಾಕು, ಜೀವಕೋಶಕ್ಕೆ ಆಕಾರ ಕೊಡುವ ಒಳಗಿನ ಹಂದರ ಕುಸಿಯುತ್ತದೆ. ಒಂದಕ್ಕೊಂದು ಒತ್ತಿಕೊಂಡಿದ್ದ ಜೀವಕೋಶಗಳು ದುಂಡಗಾಗಿ ಬಿಟ್ಟುಕೊಳ್ಳುತ್ತವೆ. ಸಂದಿಯಲ್ಲಿ ನೀರು ಸೋರುತ್ತದೆ, ಉರಿಯೂತ ಏರುತ್ತದೆ.

ಹಾಗಾದರೆ ಬ್ಯಾಕ್ಟೀರಿಯಾದ ತಂಟೆಗೆ ಹೋಗದೆ ವಿಷವನ್ನು ಮಾತ್ರ ಹಿಡಿದು ಹಾಕಿದರೆ? ಒಳ್ಳೆಯ ಬ್ಯಾಕ್ಟೀರಿಯಾಗಳು ಉಳಿಯುತ್ತವೆ, ನಿಧಾನಕ್ಕೆ ತಮ್ಮ ಜಾಗ ವಾಪಸ್ ಪಡೆಯುತ್ತವೆ, ಸಿ ಡಿಫ್ ತಾನಾಗಿ ಸೊರಗುತ್ತದೆ. ಆ್ಯಂಟಿಬಯೋಟಿಕ್‌ನಿಂದ ಬಂದ ಕಾಯಿಲೆಗೆ ಮತ್ತೆ ಆ್ಯಂಟಿಬಯೋಟಿಕ್ ಕೊಡುವ ಕಷ್ಟವೇ ಇಲ್ಲ. ಟೋಲೆವಮರ್ ಹುಟ್ಟಿದ್ದು ಈ ಯೋಚನೆಯಿಂದ. ಇವತ್ತಿಗೂ ನನಗೆ ಇದು ಚಂದದ ಯೋಚನೆ ಅಂತಲೇ ಕಾಣುತ್ತದೆ.

ಥರ್ಮೋಕೋಲ್‌ನ ನೆಂಟ

ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಜೆಲ್‌ಟೆಕ್ಸ್ ಎಂಬ ಕಂಪನಿ ಇತ್ತು. ಹೊಟ್ಟೆಯೊಳಗೇ ಕೆಲಸ ಮಾಡಿ ಹೊರಗೆ ಹೋಗುವ ಪಾಲಿಮರ್‌ಗಳನ್ನು ಔಷಧ ಮಾಡುವುದೇ ಅದರ ಕೆಲಸ. ಸೆವೆಲಮರ್ ಅಲ್ಲೇ ಹುಟ್ಟಿದ್ದು, ಅದಕ್ಕೆ ಅಮೆರಿಕದಲ್ಲಿ ಅನುಮತಿ ಸಿಕ್ಕಿದ್ದು 1998ರಲ್ಲಿ. 2000ದಲ್ಲಿ ಜೆಲ್‌ಟೆಕ್ಸನ್ನು ಜೆನ್‌ಜೈಮ್ ಕಂಪನಿ ಕೊಂಡಿತು. ಟೋಲೆವಮರ್ ಕೂಡ ಇದೇ ಮನೆಯ ಕೂಸು. ಆಗ ಅದಕ್ಕೆ ಜಿಟಿ160-246 ಎಂಬ ನಂಬರ್ ಮಾತ್ರ ಇತ್ತು.

ಅದರ ರಚನೆ ಸರಳ. ಟಿವಿ, ಫ್ರಿಜ್ ಪೆಟ್ಟಿಗೆಯೊಳಗೆ ಬರುವ ಥರ್ಮೋಕೋಲ್ ಗೊತ್ತಲ್ಲ, ಅದು ಪಾಲಿಸ್ಟೈರೀನ್. ಆ ಸರಪಳಿಯ ಕೊಂಡಿಗಳಿಗೆ ಸಲ್ಫೋನೇಟ್ ಎಂಬ ಗುಂಪು ಸಿಕ್ಕಿಸಿದರೆ ಪಾಲಿಸ್ಟೈರೀನ್ ಸಲ್ಫೋನೇಟ್. ಥರ್ಮೋಕೋಲ್ ನೀರಲ್ಲಿ ತೇಲುತ್ತದೆ. ಇದು ನೀರಲ್ಲಿ ಕರಗುತ್ತದೆ, ಯಾಕೆಂದರೆ ಸರಪಳಿಯ ಉದ್ದಕ್ಕೂ ಋಣ ವಿದ್ಯುದಂಶ ಬಂದಿರುತ್ತದೆ. ಸೆವೆಲಮರ್ ಇದಕ್ಕೆ ತದ್ವಿರುದ್ಧ. ಅದರ ಮೈಮೇಲೆ ಧನ ವಿದ್ಯುದಂಶ, ಅದಕ್ಕೇ ಋಣ ಫಾಸ್ಫೇಟನ್ನು ಹಿಡಿಯುತ್ತದೆ.

ಕೆಂಪು ನೀರಿಗೆ ಪಟಿಕ ಉಜ್ಜಿ ತಿಳಿ ಮಾಡುವುದನ್ನು ಹಳ್ಳಿಯಲ್ಲಿ ನೋಡಿ ಬೆಳೆದವನು ನಾನು. ಕೊಡದಲ್ಲಿ ಪಟಿಕದ ಕಲ್ಲನ್ನು ನಾಲ್ಕು ಸುತ್ತು ತಿರುಗಿಸಿ ಬಿಟ್ಟರೆ ಬೆಳಗಾಗುವಷ್ಟರಲ್ಲಿ ಮಣ್ಣು ತಳ ಸೇರಿರುತ್ತದೆ. ಮಣ್ಣಿನ ಕಣದ ಮೇಲೆ ಋಣ, ಪಟಿಕದಲ್ಲಿ ಧನ. ಎರಡೂ ಎಳೆದುಕೊಂಡು ಗಂಟಾಗಿ ಕೂರುತ್ತವೆ. ಟೋಲೆವಮರ್ ವಿಷವನ್ನು ಹಿಡಿಯುವುದಕ್ಕೂ ಮುಖ್ಯ ಕಾರಣ ಇಂಥದೇ ಸೆಳೆತ. ಉದ್ದದ ಬಳುಕುವ ಸರಪಳಿ ದೊಡ್ಡ ಪ್ರೋಟೀನಿನ ಮೈಗೆ ಸುತ್ತಿಕೊಂಡು, ಅದು ಜೀವಕೋಶಕ್ಕೆ ಅಂಟದ ಹಾಗೆ ತಡೆಯುತ್ತದೆ. ಬ್ಯಾಕ್ಟೀರಿಯಾ ಕೊಲ್ಲುವ ಗುಣ ಇದಕ್ಕಿಲ್ಲ.

2001ರಲ್ಲಿ ಬಂದ ಲೇಖನದಲ್ಲಿ ಹ್ಯಾಮ್‌ಸ್ಟರ್ ಪ್ರಯೋಗದ ಫಲಿತಾಂಶ ಇದೆ. ಹ್ಯಾಮ್‌ಸ್ಟರ್ ಅಂದರೆ ಇಲಿ ಜಾತಿಯ ಪುಟ್ಟ ಪ್ರಾಣಿ. ಸಿ ಡಿಫ್ ಬಂದರೆ ಬದುಕುವುದೇ ಕಷ್ಟ. ಪಾಲಿಮರ್ ಕೊಟ್ಟವುಗಳಲ್ಲಿ 80% ಬದುಕಿದವು. ಕೊಲೆಸ್ಟೈರಮೀನ್ ಎಂಬ ಹಳೆಯ ರೆಸಿನ್ ಕೊಟ್ಟವುಗಳಲ್ಲಿ ಬದುಕಿದ್ದು 10%. ಮೆಟ್ರೊನಿಡಜೋಲ್ ಕೊಡುತ್ತಿರುವಷ್ಟು ದಿನ ಎಲ್ಲವೂ ಬದುಕಿದ್ದವು. ನಿಲ್ಲಿಸಿದ ಮೇಲೆ 80% ಪ್ರಾಣಿಗಳಿಗೆ ಕಾಯಿಲೆ ಮರುಕಳಿಸಿ ಸತ್ತವು. ಪಾಲಿಮರ್ ನಿಲ್ಲಿಸಿದಾಗ ಮರುಕಳಿಸಲಿಲ್ಲ. ಇಂಥ ಫಲಿತಾಂಶ ಕೈಗೆ ಬಂದಾಗ ಲ್ಯಾಬಿನಲ್ಲಿದ್ದವರಿಗೆ ಎಷ್ಟು ಖುಷಿಯಾಗಿರಬೇಕು!

ಅದೇ ಲೇಖನದ ಇನ್ನೊಂದು ಅಂಕಿ ಹತ್ತಿರ ನಾನು ತುಂಬಾ ಹೊತ್ತು ನಿಂತೆ. ಗಾಜಿನ ತಟ್ಟೆಯಲ್ಲಿ ಬೆಳೆಸಿದ ಜೀವಕೋಶಗಳ ಪ್ರಯೋಗದಲ್ಲಿ, ಒಂದು ಮಿಲಿಲೀಟರಿಗೆ 5 ನ್ಯಾನೋಗ್ರಾಂ ಟಾಕ್ಸಿನ್ ಎ ಇದ್ದರೆ ಅದನ್ನು ಸುಮ್ಮನಾಗಿಸಲು 5 ಮಿಲಿಗ್ರಾಂ ಪಾಲಿಮರ್ ಬಳಸಿದ್ದರು. ಅಂದರೆ ತೂಕದಲ್ಲಿ ವಿಷದ ಹತ್ತು ಲಕ್ಷ ಪಟ್ಟು. ಟಾಕ್ಸಿನ್ ಬಿ ಆದರೆ ಅಷ್ಟೇ ಪಾಲಿಮರ್‌ಗೆ 1.25 ನ್ಯಾನೋಗ್ರಾಂ ಮಾತ್ರ, ಅಂದರೆ ನಲವತ್ತು ಲಕ್ಷ ಪಟ್ಟು. ಇಲಿಯ ಕರುಳಿನ ಪ್ರಯೋಗದಲ್ಲಿ ಅನುಪಾತ ಇದಕ್ಕಿಂತ ಎಷ್ಟೋ ವಾಸಿ ಇತ್ತು, 5 ಮೈಕ್ರೋಗ್ರಾಂ ಟಾಕ್ಸಿನ್ ಎಗೆ 1 ಮಿಲಿಗ್ರಾಂ ಸಾಕಾಯಿತು. ಆದರೂ ಬಿ ಮೇಲೆ ಹಿಡಿತ ಸಡಿಲ ಎಂಬ ಸುಳಿವು ಅಲ್ಲೇ ಇತ್ತು ಅಂತ ನನ್ನ ಓದು.

ಮನುಷ್ಯರ ಸರದಿ

2006ರಲ್ಲಿ ಎರಡನೇ ಹಂತದ ಟ್ರಯಲ್ ಪ್ರಕಟವಾಯಿತು. ಕೆನಡಾದ ಕ್ಯಾಲ್ಗರಿಯ ಥಾಮಸ್ ಲೂಯಿ ಮೊದಲ ಲೇಖಕರು. ಕಾಯಿಲೆ ತೀರಾ ಜೋರಿಲ್ಲದ 289 ರೋಗಿಗಳನ್ನು ಮೂರು ಗುಂಪು ಮಾಡಿದ್ದರು. ಒಂದಕ್ಕೆ ದಿನಕ್ಕೆ 3 ಗ್ರಾಂ ಟೋಲೆವಮರ್, ಒಂದಕ್ಕೆ 6 ಗ್ರಾಂ, ಇನ್ನೊಂದಕ್ಕೆ ವ್ಯಾಂಕೊಮೈಸಿನ್. ನಿಯಮದ ಪ್ರಕಾರ ಔಷಧ ಮುಗಿಸಿದವರನ್ನು ಲೆಕ್ಕ ಹಾಕಿದಾಗ ಭೇದಿ ನಿಂತದ್ದು ವ್ಯಾಂಕೊಮೈಸಿನ್‌ನಲ್ಲಿ 91% ಜನಕ್ಕೆ, 6 ಗ್ರಾಂ ಟೋಲೆವಮರ್‌ನಲ್ಲಿ 83% ಜನಕ್ಕೆ, 3 ಗ್ರಾಂನಲ್ಲಿ 67% ಜನಕ್ಕೆ. ಡೋಸ್ ಏರಿದಂತೆ ಗುಣವೂ ಏರಿದೆ. ಕಾಯಿಲೆ ಮತ್ತೆ ಬಂದದ್ದು 6 ಗ್ರಾಂ ಗುಂಪಿನಲ್ಲಿ 10%, ವ್ಯಾಂಕೊಮೈಸಿನ್‌ನಲ್ಲಿ 19%. ರೋಗಿಗಳ ಸಂಖ್ಯೆ ಸಣ್ಣದು, ಹಾಗಾಗಿ ಈ ಎರಡನೇ ವ್ಯತ್ಯಾಸ ಆಕಸ್ಮಿಕ ಅಲ್ಲ ಅಂತ ಹೇಳುವ ಹಾಗಿರಲಿಲ್ಲ. ಆದರೂ ಆಸೆ ಹುಟ್ಟಿಸುವ ಅಂಕಿ.

ಒಂದು ತೊಂದರೆ ಕಂಡಿತು. ರೋಗಿಗಳ ರಕ್ತದಲ್ಲಿ ಪೊಟ್ಯಾಶಿಯಂ ಇಳಿಯಿತು. ಕಿಡ್ನಿ ರೋಗಿಗಳ ಮನೆಯವರಿಗೆ ಇದರ ಕಾರಣ ಥಟ್ಟನೆ ಹೊಳೆಯಬಹುದು. ಪೊಟ್ಯಾಶಿಯಂ ಜಾಸ್ತಿಯಾದಾಗ ನೀರಲ್ಲಿ ಕಲಸಿ ಕುಡಿಸುವ ಪುಡಿ ಇದೆಯಲ್ಲ, ಅದೂ ಪಾಲಿಸ್ಟೈರೀನ್ ಸಲ್ಫೋನೇಟೇ. ಸರಪಳಿಗಳನ್ನು ಒಂದಕ್ಕೊಂದು ಹೆಣೆದು ಕರಗದ ಹಾಗೆ ಮಾಡಿರುತ್ತಾರೆ ಅಷ್ಟೇ. ಟೋಲೆವಮರ್ ತನ್ನ ಸೋಡಿಯಂ ಬಿಟ್ಟು ರೋಗಿಯ ಪೊಟ್ಯಾಶಿಯಂ ಹಿಡಿಯುತ್ತಿತ್ತು. ಪರಿಹಾರವಾಗಿ ಮುಂದಿನ ಹಂತಕ್ಕೆ ಪೊಟ್ಯಾಶಿಯಂ ಮತ್ತು ಸೋಡಿಯಂ ಎರಡನ್ನೂ ತುಂಬಿದ ಹೊಸ ರೂಪ ತಯಾರಿಸಿದರು. ಜಾಣ ತಿದ್ದುಪಡಿ.

ಮೂರನೇ ಹಂತ ದೊಡ್ಡದು. 2005ರಿಂದ 2007ರ ತನಕ ಉತ್ತರ ಅಮೆರಿಕ, ಯುರೋಪ್, ಆಸ್ಟ್ರೇಲಿಯಾಗಳಲ್ಲಿ ಎರಡು ಟ್ರಯಲ್ ನಡೆದವು. ಒಟ್ಟು 1118 ರೋಗಿಗಳು. ಈ ಸಲ ಕಾಯಿಲೆ ಜೋರಾಗಿದ್ದವರನ್ನೂ ಸೇರಿಸಿಕೊಂಡರು. ಡೋಸ್ ಏರಿಸಿದರು: ಮೊದಲು ಒಮ್ಮೆಗೆ 9 ಗ್ರಾಂ, ಆಮೇಲೆ 8 ಗಂಟೆಗೊಮ್ಮೆ 3 ಗ್ರಾಂ, 14 ದಿನ. ಹೋಲಿಕೆಗೆ ಒಂದು ಗುಂಪಿಗೆ ಮೆಟ್ರೊನಿಡಜೋಲ್, ಒಂದು ಗುಂಪಿಗೆ ವ್ಯಾಂಕೊಮೈಸಿನ್, 10 ದಿನ.

ಗುಣವಾದವರು ವ್ಯಾಂಕೊಮೈಸಿನ್‌ನಲ್ಲಿ 81.1%. ಮೆಟ್ರೊನಿಡಜೋಲ್‌ನಲ್ಲಿ 72.7%. ಟೋಲೆವಮರ್‌ನಲ್ಲಿ 44.2%.

ಸೋಲು ಅಂದರೆ ಇದು. ನೂರರಲ್ಲಿ ಅರ್ಧ ಜನಕ್ಕೂ ಗುಣ ಕಾಣಲಿಲ್ಲ. 2007ರಲ್ಲಿ ಕಂಪನಿ ಸೋಲನ್ನು ಪ್ರಕಟಿಸಿತು. ಮುಖ್ಯ ಅಂಕಿಗಳು ವೈದ್ಯರ ಸಮ್ಮೇಳನದಲ್ಲೂ ಹೊರಬಂದವು. ಟೋಲೆವಮರ್ ಕಥೆ ಅಲ್ಲಿಗೆ ನಿಂತಿತು.

ಆದರೆ ಅದೇ ಟ್ರಯಲಿನಲ್ಲಿ ಇನ್ನೊಂದು ಸಾಲು ಇದೆ. ಗುಣವಾದವರಲ್ಲಿ ಕಾಯಿಲೆ ಮತ್ತೆ ಬಂದದ್ದು ಮೆಟ್ರೊನಿಡಜೋಲ್‌ನಲ್ಲಿ 23.0%, ವ್ಯಾಂಕೊಮೈಸಿನ್‌ನಲ್ಲಿ 20.6%, ಟೋಲೆವಮರ್‌ನಲ್ಲಿ ಬರೀ 4.5%.

ಈ 4.5 ನೋಡಿ ನಾನು ಮೊದಲು ಕುರ್ಚಿಯಿಂದ ಎದ್ದೇ ಬಿಟ್ಟೆ. ಯಾಕೆಂದರೆ ನಮ್ಮಮ್ಮನಿಗೆ ವ್ಯಾಂಕೊಮೈಸಿನ್ ಮುಗಿದ ಮೂರನೇ ವಾರಕ್ಕೆ ಭೇದಿ ಮತ್ತೆ ಶುರುವಾಗಿತ್ತು. ಆ ರಾತ್ರಿ ಬಚ್ಚಲ ಬಾಗಿಲಲ್ಲಿ ಅವರ ತೋಳು ಹಿಡಿದು ನಿಂತಿದ್ದಾಗ, ಅವರ ಮೈ ಎಷ್ಟು ಹಗುರ ಆಗಿದೆ ಅಂತ ಗೊತ್ತಾಗಿ ಹೆದರಿದ್ದೆ. ಐದರಲ್ಲಿ ಒಬ್ಬರಿಗೆ ಹೀಗಾಗುತ್ತದೆ ಅನ್ನುವುದು ಕಾಗದದ ಮೇಲೆ ಸಣ್ಣ ಮಾತು. ಆ ಒಬ್ಬರು ನಮ್ಮ ಮನೆಯಲ್ಲೇ ಇದ್ದರೆ ಸಣ್ಣದಲ್ಲ.

ಆಮೇಲೆ ಕೂತು ಲೆಕ್ಕ ಹಾಕಿದೆ. ಈ 4.5% ಎಲ್ಲಾ ರೋಗಿಗಳಲ್ಲಿ ಅಲ್ಲ, ನೂರರಲ್ಲಿ ಗುಣವಾದ 44 ಜನರಲ್ಲಿ ಮಾತ್ರ. ಆ 44 ಜನ ಬಹುಶಃ ಮೊದಲೇ ಸ್ವಲ್ಪ ಗಟ್ಟಿಯಿದ್ದವರು, ಕರುಳಿನ ಬ್ಯಾಕ್ಟೀರಿಯಾ ಬೇಗ ಚೇತರಿಸಿಕೊಂಡವರು. ಒರಟು ಲೆಕ್ಕ ಹೀಗೆ: ನೂರು ಜನಕ್ಕೆ ಟೋಲೆವಮರ್ ಕೊಟ್ಟರೆ ಗುಣವಾಗಿ ಹಾಗೇ ಉಳಿಯುವವರು 42. ಮೆಟ್ರೊನಿಡಜೋಲ್ ಕೊಟ್ಟರೆ 56. ವ್ಯಾಂಕೊಮೈಸಿನ್ ಕೊಟ್ಟರೆ 64. ಮರುಕಳಿಕೆಯನ್ನು ಕಳೆದ ಮೇಲೂ ಪಾಲಿಮರ್ ಹಿಂದೆಯೇ. 4.5 ಒಂದನ್ನೇ ಎತ್ತಿ ತೋರಿಸಿದರೆ ಓದುವವರಿಗೆ ಮೋಸವಾಗುತ್ತದೆ. ಹಾಗಂತ ಅದನ್ನು ಬಿಟ್ಟುಬಿಡುವುದೂ ಸರಿಯಲ್ಲ. ಕರುಳಿನ ಬ್ಯಾಕ್ಟೀರಿಯಾಗಳನ್ನು ಅವುಗಳ ಪಾಡಿಗೆ ಬಿಟ್ಟರೆ ಕಾಯಿಲೆ ಮರಳುವುದು ಕಡಿಮೆ ಅನ್ನುವ ಯೋಚನೆಗೆ ಅದು ಹೊಂದಿಕೊಳ್ಳುತ್ತದೆ. ಒಳ್ಳೆಯ ಬ್ಯಾಕ್ಟೀರಿಯಾಗಳಿಗೆ ಕಡಿಮೆ ತೊಂದರೆ ಕೊಡುವ ಫಿಡಾಕ್ಸೊಮೈಸಿನ್ ಎಂಬ ಆ್ಯಂಟಿಬಯೋಟಿಕ್‌ನಲ್ಲೂ ಇದೇ ಕಂಡಿತು. 2011ರ ಟ್ರಯಲಿನಲ್ಲಿ ಮರುಕಳಿಕೆ ಅದಕ್ಕೆ 15.4%, ವ್ಯಾಂಕೊಮೈಸಿನ್‌ಗೆ 25.3%.

ಯಾಕೆ ಸೋತಿತು

ಹಾವು ಕಚ್ಚಿದಾಗ ವಿಷಕ್ಕೆ ಪ್ರತಿವಿಷ ಕೊಡುತ್ತೇವೆ, ಉಳಿಯುತ್ತಾರೆ. ಯಾಕೆಂದರೆ ಹಾವು ಕಚ್ಚಿ ಹೋಗಿಬಿಟ್ಟಿದೆ. ಸಿ ಡಿಫ್‌ನಲ್ಲಿ ಹಾವು ಮನೆಯೊಳಗೇ ಇದೆ, ದಿನವೂ ಕಚ್ಚುತ್ತಿದೆ. ನನ್ನ ಮಟ್ಟಿಗೆ ಈ ಪ್ರಕರಣದ ನಡುಮಧ್ಯದ ಮಾತು ಇದೇ. ಟೋಲೆವಮರ್ ಒಂದೇ ಕೊಟ್ಟಾಗ ವಿಷದ ಕಾರ್ಖಾನೆ ಹಗಲೂ ರಾತ್ರಿ ನಡೆಯುತ್ತಲೇ ಇತ್ತು.

ಹಳೆಯ ವೈದ್ಯರಿಗೆ ಇದು ಚೆನ್ನಾಗಿ ಗೊತ್ತಿತ್ತು. ಗಂಟಲುಮಾರಿಯೂ ಬ್ಯಾಕ್ಟೀರಿಯಾ ವಿಷದ ಕಾಯಿಲೆ. ಬೇರಿಂಗ್ ಮತ್ತು ಕಿಟಸಾಟೊ 1890ರಲ್ಲಿ ಪ್ರತಿವಿಷದ ದಾರಿ ತೋರಿಸಿದರು. ಆ್ಯಂಟಿಬಯೋಟಿಕ್ ಬಂದ ಮೇಲೆ ಗಂಟಲುಮಾರಿಗೆ ಎರಡನ್ನೂ ಕೊಡುತ್ತಾರೆ. ಧನುರ್ವಾಯುವಿಗೂ ಅಷ್ಟೇ. ಪ್ರತಿವಿಷ ಕೊಡುತ್ತಾರೆ, ಗಾಯ ತೊಳೆದು ಸತ್ತ ಮಾಂಸ ತೆಗೆಯುತ್ತಾರೆ, ಆ್ಯಂಟಿಬಯೋಟಿಕ್ಕೂ ಕೊಡುತ್ತಾರೆ. ವಿಷ ಹಿಡಿಯುವ ಕೈ ಒಂದು, ವಿಷ ಮಾಡುವವನನ್ನು ಹಿಡಿಯುವ ಕೈ ಇನ್ನೊಂದು.

ಕಾಲವೂ ಕೈಕೊಟ್ಟಿತು ಅನ್ನಬೇಕು. ಈ ಟ್ರಯಲ್ ನಡೆಯುವ ಹೊತ್ತಿಗೆ ಉತ್ತರ ಅಮೆರಿಕ ಮತ್ತು ಯುರೋಪಿನಲ್ಲಿ ಸಿ ಡಿಫ್‌ನ ಹೊಸ ತಳಿಯೊಂದು ಹಬ್ಬಿತ್ತು. ಕೆನಡಾದ ಕ್ವಿಬೆಕ್‌ನಲ್ಲಿ ಬಹಳ ಜನರನ್ನು ಬಲಿ ತೆಗೆದುಕೊಂಡ 027 ತಳಿ. 2005ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಲ್ಯಾಬಿನಲ್ಲಿ ಬೆಳೆಸಿದಾಗ ಅದು ಬೇರೆ ತಳಿಗಳಿಗಿಂತ 16 ಪಟ್ಟು ಟಾಕ್ಸಿನ್ ಎ, 23 ಪಟ್ಟು ಟಾಕ್ಸಿನ್ ಬಿ ಮಾಡಿತ್ತು. ಹಿಡಿಯುವ ಪಾಲಿಮರ್ ಒಂದೂವರೆ ಪಟ್ಟಾಯಿತು, 6 ಗ್ರಾಂನಿಂದ 9ಕ್ಕೆ. ವಿಷ ಎಷ್ಟೋ ಪಟ್ಟಾಗುವ ಕಾಲ ಬಂದಿತ್ತು. ಇದೊಂದೇ ಕಾರಣ ಅಂತ ನಾನು ಹೇಳುವುದಿಲ್ಲ, ಆದರೆ ಲೆಕ್ಕದಲ್ಲಿ ಇಡಲೇಬೇಕು.

ಕರುಳು ಗಾಜಿನ ತಟ್ಟೆಯೂ ಅಲ್ಲ. ಅಲ್ಲಿ ಉಪ್ಪಿದೆ, ಪಿತ್ತ ಇದೆ, ಅರ್ಧ ಜೀರ್ಣವಾದ ಪ್ರೋಟೀನುಗಳಿವೆ. ವಿದ್ಯುದಂಶದ ಸೆಳೆತ ಉಪ್ಪಿನ ನೀರಿನಲ್ಲಿ ಸಡಿಲವಾಗುತ್ತದೆ, ಇದನ್ನು ನಾನು ಪ್ರತಿ ವರ್ಷ ಮಕ್ಕಳಿಗೆ ಪಾಠದಲ್ಲಿ ಹೇಳುತ್ತೇನೆ. ಪಾಲಿಮರ್‌ನ ಮೈ ತುಂಬಾ ಬೇರೆ ಏನೇನೋ ಅಂಟಿಕೊಂಡರೆ ವಿಷಕ್ಕೆ ಎಷ್ಟು ಜಾಗ ಉಳಿಯುತ್ತದೆ? ಇಂಗ್ಲೆಂಡಿನ ಲೀಡ್ಸ್‌ನಲ್ಲಿ ಮನುಷ್ಯರ ದೊಡ್ಡ ಕರುಳನ್ನು ಅನುಕರಿಸುವ ಮೂರು ಪಾತ್ರೆಗಳ ಸಾಲೊಂದು ಇದೆ. ಜನರ ಮಲದಿಂದಲೇ ಬ್ಯಾಕ್ಟೀರಿಯಾ ತುಂಬಿ, ಒಂದರಿಂದ ಒಂದಕ್ಕೆ ನಿಧಾನಕ್ಕೆ ದ್ರವ ಹರಿಸುತ್ತಾರೆ. ಮಾರ್ಕ್ ವಿಲ್ಕಾಕ್ಸ್ ಅವರ ತಂಡ ಅದರಲ್ಲಿ ಟೋಲೆವಮರ್ ಹಾಕಿ ನೋಡಿ, ಕೆಲಸ ಮಾಡುವುದಿಲ್ಲ ಅಂತ 2009ರಲ್ಲಿ ಬರೆಯಿತು. ಅಷ್ಟರಲ್ಲಿ ಮನುಷ್ಯರ ಮೇಲಿನ ಟ್ರಯಲ್ ಮುಗಿದುಹೋಗಿತ್ತು. ಈ ಪಾತ್ರೆಗಳ ಪರೀಕ್ಷೆ ಮೊದಲು ಆಗಬೇಕಿತ್ತು, ಅಲ್ವಾ?

ಯಾವ ವಿಷ ಮುಖ್ಯ ಅನ್ನುವ ತಿಳಿವಳಿಕೆಯೂ ಆಗ ಅರೆಬರೆ. ತುಂಬಾ ವರ್ಷ ಟಾಕ್ಸಿನ್ ಎಯನ್ನೇ ಮುಖ್ಯ ಅಂದುಕೊಂಡಿದ್ದರು. 2009ರಲ್ಲಿ ಆಸ್ಟ್ರೇಲಿಯಾದ ವಿಜ್ಞಾನಿಗಳು ಒಂದೊಂದೇ ವಿಷದ ಜೀನ್ ಕೆಡಿಸಿ ನೋಡಿ, ಬಿ ಇಲ್ಲದಿದ್ದರೆ ಬ್ಯಾಕ್ಟೀರಿಯಾ ಹಲ್ಲು ಕಿತ್ತ ಹಾವು ಎಂದು ತೋರಿಸಿದರು. ಮರುವರ್ಷ ಇಂಗ್ಲೆಂಡಿನ ತಂಡ ಎ ಒಂದೇ ಇದ್ದರೂ ಕಾಯಿಲೆ ಬರಬಹುದು ಅಂತ ತೋರಿಸಿತು. ಬಿ ಮುಖ್ಯ ಅನ್ನುವುದಂತೂ ನಿಂತಿತು. ಪಾಲಿಮರ್‌ನ ಹಿಡಿತ ಸಡಿಲ ಇದ್ದದ್ದು ಅದರ ಮೇಲೆಯೇ.

     

ಜೊತೆಗೆ ಕೊಟ್ಟಿದ್ದರೆ?

ವ್ಯಾಂಕೊಮೈಸಿನ್ ಮತ್ತು ಟೋಲೆವಮರ್ ಎರಡನ್ನೂ ಜೊತೆಗೆ ಕೊಟ್ಟಿದ್ದರೆ ಏನಾಗುತ್ತಿತ್ತು? ಅಥವಾ ಒಂದು ಮುಗಿದ ಮೇಲೆ ಇನ್ನೊಂದು? ಮೂರನೇ ಹಂತದ ಟ್ರಯಲಿನಲ್ಲಿ ಅಂಥ ಗುಂಪು ಇರಲಿಲ್ಲ. ಆ್ಯಂಟಿಬಯೋಟಿಕ್ ಇಲ್ಲದೆ ಗೆಲ್ಲಬೇಕು ಅನ್ನುವುದು ಅವರ ಹಟ. ಆ ಹಟದ ಹಿಂದಿನ ಕಾಳಜಿ ನನಗೆ ಅರ್ಥವಾಗುತ್ತದೆ. ಆದರೂ ನಾಲ್ಕನೇ ಗುಂಪೊಂದು ಇರಬೇಕಿತ್ತು ಅಂತ ಈ ಪ್ರಕರಣ ಓದಿದಾಗಲೆಲ್ಲ ಅನ್ನಿಸುತ್ತದೆ.

ವಿಷ ಹಿಡಿಯುವ ಯೋಚನೆ ತಪ್ಪಾಗಿರಲಿಲ್ಲ ಅನ್ನುವುದಕ್ಕೆ ಆಮೇಲೆ ಸಾಕ್ಷಿ ಸಿಕ್ಕಿತು. ಬೆಜ್ಲೊಟಾಕ್ಸುಮ್ಯಾಬ್ ಎಂಬ ಪ್ರತಿಕಾಯ ಟಾಕ್ಸಿನ್ ಬಿಯನ್ನು ಮಾತ್ರ ಹಿಡಿಯುತ್ತದೆ. ಅದನ್ನು ಆ್ಯಂಟಿಬಯೋಟಿಕ್ ಬದಲಿಗೆ ಕೊಡಲಿಲ್ಲ, ಜೊತೆಗೆ ಒಮ್ಮೆ ಡ್ರಿಪ್‌ನಲ್ಲಿ ಕೊಟ್ಟರು. ಎರಡು ಟ್ರಯಲ್ ಸೇರಿಸಿ ನೋಡಿದರೆ ಮರುಕಳಿಕೆ ಸುಮಾರು 27%ನಿಂದ 17%ಕ್ಕೆ ಇಳಿಯಿತು. 2016ರಲ್ಲಿ ಅಮೆರಿಕದಲ್ಲಿ ಅನುಮತಿ ಸಿಕ್ಕಿತು. ಟಾಕ್ಸಿನ್ ಎ ಹಿಡಿಯುವ ಪ್ರತಿಕಾಯದಿಂದ ಲಾಭ ಆಗಲಿಲ್ಲ. ದುಃಖದ ವಿಷಯ ಏನೆಂದರೆ, ಬೆಜ್ಲೊಟಾಕ್ಸುಮ್ಯಾಬನ್ನೂ 2025ರ ಜನವರಿಯಲ್ಲಿ ಕಂಪನಿ ನಿಲ್ಲಿಸಿತು.

ಈಗ ವಾರ್ಡಿನಲ್ಲಿ ನಾನು ಕೇಳಿದ ಪ್ರಶ್ನೆಗೆ ಬರುತ್ತೇನೆ. ಟೋಲೆವಮರ್ ಟ್ರಯಲ್‌ಗಳ ಪೂರ್ತಿ ವರದಿ ಬಂದದ್ದು 2014ರಲ್ಲಿ. ಸ್ಟುವರ್ಟ್ ಜಾನ್ಸನ್ ಮೊದಲ ಲೇಖಕರು. ಪಾಲಿಮರ್ ಸೋತಿತು ನಿಜ, ಆದರೆ ಹೋಲಿಕೆಗೆ ಅಂತ ಇಟ್ಟಿದ್ದ ಎರಡು ಗುಂಪುಗಳು ಅಲ್ಲೇ ಇದ್ದವು. ವ್ಯಾಂಕೊಮೈಸಿನ್ ಮತ್ತು ಮೆಟ್ರೊನಿಡಜೋಲ್ ಅನ್ನು ಇಷ್ಟು ದೊಡ್ಡದಾಗಿ, ಚೀಟಿ ಎತ್ತಿದ ಹಾಗೆ ಗುಂಪು ಹಂಚಿ, ಯಾರಿಗೆ ಯಾವುದು ಅಂತ ಗೊತ್ತಾಗದ ಹಾಗೆ ಅದುವರೆಗೆ ಹೋಲಿಸಿರಲಿಲ್ಲ. 259 ಮತ್ತು 278 ಜನ. 81.1 ಮತ್ತು 72.7. ವ್ಯತ್ಯಾಸ ಆಕಸ್ಮಿಕ ಅಲ್ಲ ಅಂತ ಲೆಕ್ಕ ಹೇಳಿತು. 2007ರಲ್ಲೇ ಚಿಕಾಗೋದ ಸಣ್ಣ ಟ್ರಯಲೊಂದು ಕಾಯಿಲೆ ಜೋರಿದ್ದವರಿಗೆ ವ್ಯಾಂಕೊಮೈಸಿನ್ ಮೇಲು ಅಂದಿತ್ತು, ಗುಣವಾದವರು 97% ಮತ್ತು 76%. ಇವೆಲ್ಲ ಸೇರಿ 2018ರಲ್ಲಿ ಪ್ರಕಟವಾದ ಅಮೆರಿಕದ ಸೋಂಕುರೋಗ ತಜ್ಞರ ಮಾರ್ಗಸೂಚಿ ದೊಡ್ಡವರಿಗೆ ಮೆಟ್ರೊನಿಡಜೋಲನ್ನು ಮೊದಲ ಆಯ್ಕೆಯಿಂದ ತೆಗೆಯಿತು.

2007ರಲ್ಲಿ ಮುಗಿದ ಟ್ರಯಲ್, 2014ರಲ್ಲಿ ಪೂರ್ತಿ ವರದಿ. ನಡುವೆ ಏಳು ವರ್ಷ. ಸಮ್ಮೇಳನಕ್ಕೆ ಹೋದ ತಜ್ಞರಿಗೆ ಸುದ್ದಿ ಗೊತ್ತಿತ್ತು. ಆದರೆ ವಾರ್ಡಿನಲ್ಲಿ ಔಷಧ ಬರೆಯುವ ವೈದ್ಯರಿಗೆ ಬೇಕಾದದ್ದು ಪೂರ್ತಿ ಅಂಕಿ ಇರುವ ವರದಿ. ಆ ಏಳು ವರ್ಷದಲ್ಲಿ ಎಷ್ಟು ಜನಕ್ಕೆ ಕಡಿಮೆ ಗುಣದ ಔಷಧ ಹೋಯಿತೋ ಅಂತ ಯೋಚಿಸಿದರೆ ಹೊಟ್ಟೆ ತೊಳಸುತ್ತದೆ. ಔಷಧ ಸೋತರೂ ಟ್ರಯಲಿನ ಅಂಕಿಗಳನ್ನು ಬೇಗ, ಪೂರ್ತಿಯಾಗಿ ಹೊರಗೆ ಇಡಬೇಕು. ಭೇದಿಯಲ್ಲಿ ನರಳುತ್ತಾ, ಯಾವ ಔಷಧ ಸಿಗುತ್ತದೋ ಗೊತ್ತಿಲ್ಲದೆ ಸಹಿ ಹಾಕಿದ 1118 ಜನರಿಗೆ ಸಲ್ಲಬೇಕಾದ ಕನಿಷ್ಠ ಋಣ ಅದು.

ಅಮ್ಮನಿಗೆ ಎರಡನೇ ಸಲ ವ್ಯಾಂಕೊಮೈಸಿನ್ ಕೊಟ್ಟರು. ಈ ಸಲ ಡೋಸ್ ನಿಧಾನಕ್ಕೆ ಇಳಿಸುತ್ತಾ ಕೆಲವು ವಾರ. ನಿಂತಿತು. ಮತ್ತೆ ಬಂದಿಲ್ಲ. ಅವರು ಈಗ ಮುಂಚಿನ ಹಾಗೆ ಊಟಕ್ಕೆ ಕೂತು ಪಕ್ಕದ ಮಾತ್ರೆಯನ್ನು ಎಣಿಸುತ್ತಾರೆ.

ಒಂದು ಸಂಜೆ ಈ ಕಥೆಯೆಲ್ಲ ಅವರಿಗೆ ಹೇಳಿದೆ. ಸುಮ್ಮನೆ ಕೇಳಿಸಿಕೊಂಡರು. ಮುಗಿದ ಮೇಲೆ ಸೆವೆಲಮರ್ ಅಂಗೈಯಲ್ಲಿಟ್ಟುಕೊಂಡು ನೋಡಿದರು.

"ಹಾಗಾದ್ರೆ ಇದರ ತಮ್ಮ ಅನ್ನು ಅದು."

"ಹೂಂ, ಹಾಗೇ ಅನ್ನಬಹುದು."

"ಅದನ್ನು ಆ ಕಹಿ ಔಷಧದ ಜೊತೆ ಸೇರಿಸಿ ಕೊಟ್ಟು ನೋಡಲಿಲ್ವಾ?"

"ಇಲ್ಲಮ್ಮ. ಮೂರನೇ ಹಂತದಲ್ಲಿ ಸೋತ ಮೇಲೆ ಅಲ್ಲಿಗೇ ಕೈಬಿಟ್ಟರು."

"ನೋಡಬೇಕಿತ್ತು" ಅಂದು ಮಾತ್ರೆ ಬಾಯಿಗೆ ಹಾಕಿಕೊಂಡು, ಅಳತೆಯ ಲೋಟದಿಂದ ಎರಡು ಗುಟುಕು ನೀರು ಕುಡಿದರು.